ಹೊಂಬಾಳಮ್ಮನ ಗಳಿಗೆ ಬಟ್ಟಲು

ನಿಡಘಟ್ಟದ ಕರಿಯಪ್ಪ ಕಾಲಿಗೆ ಚಕ್ರ ಕಟ್ಟಿಕೊಂಡೇ ಹುಟ್ಟಿದವನು. ಉಣ್ಣಲು ಕೂತರೆ ಎರಡು ತುತ್ತಿನ ನಡುವೆ ಎದ್ದು ಹೋಗಿ ಎತ್ತಿಗೆ ಹುಲ್ಲು ಹಾಕಿ ಬರುತ್ತಿದ್ದ. ಕ್ಷೌರಕ್ಕೆ ಕೂತರೆ ಅರ್ಧ ಗಡ್ಡ ಬೋಳಿಸಿಕೊಂಡ ಮುಖದಲ್ಲೇ ಬೇಲಿಗೆ ನುಗ್ಗಿದ ಆಡನ್ನು ಅಟ್ಟಿಕೊಂಡು ಹೋಗಿಬಿಡುತ್ತಿದ್ದ. ಬಾಯಿಯೂ ಹಾಗೆಯೇ, ಕೇಳುವವರು ಯಾರೂ ಇಲ್ಲದಿದ್ದರೆ ನೇಗಿಲಿನ ಜೊತೆಗಾದರೂ ಮಾತು. ಇಂಥವನಿಗೆ ಸಿಕ್ಕಿದ ಹೆಂಡತಿ ಹೊಂಬಾಳಮ್ಮ. ಅವಳು ಕೂತಳೆಂದರೆ ಮನೆಯ ಮುಂದಿನ ಒರಳುಕಲ್ಲಾದರೂ ಅಲುಗೀತು, ಅವಳು ಅಲುಗುತ್ತಿರಲಿಲ್ಲ. ಊರವರು ನಗುತ್ತಿದ್ದರು, ಕರಿಯಪ್ಪನೂ ನಗುತ್ತಿದ್ದ. ಆದರೆ ಆ ಕೂರುವ ವಿದ್ಯೆಯಿಂದಲೇ ಊರಿನ ಅರ್ಧ ಮನೆಗಳು ನೆಟ್ಟಗಿದ್ದವು ಎನ್ನುವುದೂ ಅವರಿಗೆ ಗೊತ್ತಿತ್ತು.

ಅವರ ಮನೆಯಲ್ಲಿ ಒಂದು ಗಳಿಗೆ ಬಟ್ಟಲಿತ್ತು. ಅಂಗೈಯಗಲದ ತಾಮ್ರದ ಬಟ್ಟಲು, ತಳದಲ್ಲಿ ಸೂಜಿಮೊನೆಯಷ್ಟು ತೂತು. ನೀರು ತುಂಬಿದ ಹಂಡೆಯಲ್ಲಿ ತೇಲಿಬಿಟ್ಟರೆ ತೂತಿನಿಂದ ನೀರು ಏರಿ, ಬಟ್ಟಲು ತುಂಬಿ ಮುಳುಗುವ ಹೊತ್ತಿಗೆ ಒಂದು ಗಳಿಗೆ. ಈಗಿನ ಲೆಕ್ಕದಲ್ಲಿ ಅರ್ಧ ಗಂಟೆಗೆ ತುಸು ಕಮ್ಮಿ. ಹಿಂದೆ ಸುತ್ತಲಿನ ಹಳ್ಳಿಗಳ ಮದುವೆ ಮುಹೂರ್ತಕ್ಕೆಲ್ಲ ಇದೇ ಬಟ್ಟಲು ಹೋಗುತ್ತಿತ್ತು. ಆಮೇಲೆ ಮದ್ದೂರಿನ ರೈಲು, ಮಂಡ್ಯದ ಸಕ್ಕರೆ ಕಾರ್ಖಾನೆಯ ಕೂಗು, ಶಾನುಭೋಗರ ಗೋಡೆ ಗಡಿಯಾರ ಎಲ್ಲ ಬಂದು ಅದರ ಆ ಕೆಲಸ ಹೋಯಿತು. ಹೋದರೆ ಹೋಗಲಿ. ಗಡಿಯಾರ ಹೊತ್ತು ತೋರಿಸೀತು, ಕೆಟ್ಟ ಹೊತ್ತನ್ನು ರಿಪೇರಿ ಮಾಡೀತೆ?

ಬಟ್ಟಲು ಮಾಡುತ್ತಿತ್ತು. ಅದನ್ನು ಮೊದಲೇ ಹಂಡೆಯ ತಳಕ್ಕೆ ಮುಳುಗಿಸಿ, ಕಾಯುವವಳು ನೀರಿನ ಮೇಲೆ ಅಂಗೈ ಚಾಚಿ ಕೂರಬೇಕು. ಗಳಿಗೆ ಕೆಡಿಸಿಕೊಂಡವರು ಎದುರಿಗೆ ಕೂತು ಅದನ್ನು ನೀರಿಗೆ ಹೇಳಬೇಕು. ಹೇಳಿ ಮುಗಿಸಿದ ಮೇಲೆ ಮುಳುಗಿದ ಬಟ್ಟಲು, ತಳದಲ್ಲಿ ತೂತಿರುವ ಬಟ್ಟಲು, ಯಾರೂ ಎತ್ತದೆ ತಾನಾಗಿ ಮೇಲೇಳಲು ಶುರುಮಾಡುತ್ತಿತ್ತು. ಮುಳುಗಲು ಎಷ್ಟು ಹೊತ್ತೋ ಏಳಲೂ ಅಷ್ಟೇ ಹೊತ್ತು. ಏಳುತ್ತಾ ಬಂದು ಅಂಗೈಗೆ ತಾಗಿದರೆ ಆ ಗಳಿಗೆ ದುರಸ್ತಿಯಾಯಿತೆಂದು ಅರ್ಥ. ನಡೆದದ್ದು ನಡೆಯಲಿಲ್ಲವೆಂದಲ್ಲ, ಮುನಿಸಿಕೊಂಡ ಇಬ್ಬರಿಗೂ ಅದು ನೆನಪಿರುತ್ತಿತ್ತು. ಆದರೆ ಹುಣ್ಣಿನ ನೋವು ಹೋಗಿ ಕಲೆ ಉಳಿದ ಹಾಗೆ.

ಇಷ್ಟು ಸಲೀಸಾಗಿದ್ದರೆ ಹಂಡೆಯ ಮುಂದೆ ಜಿಲ್ಲೆಯೇ ಸಾಲುಗಟ್ಟುತ್ತಿತ್ತು. ಹರಿದ ಸೀರೆಗೆ ತೇಪೆ ಹಾಕಲು ಬೇರೆ ಬಟ್ಟೆ ಬೇಕಲ್ಲ? ಕೆಟ್ಟ ಗಳಿಗೆಗೆ ತೇಪೆಯಾಗಿ ಒಂದು ಒಳ್ಳೆಯ ಗಳಿಗೆಯನ್ನು ಕೊಡಬೇಕಿತ್ತು. ಅದೂ ಯಾರ ಜೊತೆ ಕೆಟ್ಟಿತೋ ಅವರ ಜೊತೆಗೇ ಕಳೆದ ಒಳ್ಳೆಯ ಗಳಿಗೆ. ಕೊಟ್ಟವರ ಮನಸ್ಸಿನಿಂದ ಅದು ಪೂರಾ ಹೋಗಿಬಿಡುತ್ತಿತ್ತು. ಮರಿಸಿದ್ದಯ್ಯ ಎಂಬ ರೈತ ಒಮ್ಮೆ ಸಿಟ್ಟಿನಲ್ಲಿ ತನ್ನ ಎತ್ತಿಗೆ ಬಾರುಕೋಲಿನಿಂದ ಬಾಸುಂಡೆ ಬರುವಂತೆ ಹೊಡೆದ. ಎತ್ತು ಅವನನ್ನು ಕಂಡರೆ ಮುಖ ತಿರುಗಿಸತೊಡಗಿತು. ಅವನು ಅಳುತ್ತಾ ಬಂದು, ಆ ಎತ್ತು ಎಳೆಹೋರಿಯಾಗಿದ್ದಾಗ ಮೊದಲ ಸಲ ತಾನಾಗಿ ನೊಗಕ್ಕೆ ಕತ್ತು ಕೊಟ್ಟ ಗಳಿಗೆಯನ್ನು ಕೊಟ್ಟು ಹೋದ. ಸಂಜೆಗೆ ಎತ್ತು ಅವನ ಕೈ ನೆಕ್ಕಿತು. ಆದರೆ ಆಮೇಲೆ ಯಾರಾದರೂ, ಕತ್ತು ಕೊಟ್ಟ ಆ ದಿನ ನೀನು ಎಷ್ಟು ಕುಣಿದಾಡಿದೆ ಮಾರಾಯ ಎಂದರೆ, ಮರಿಸಿದ್ದಯ್ಯ ಪರವೂರಿನ ಸುದ್ದಿ ಕೇಳಿದವನಂತೆ ಪಿಳಿಪಿಳಿ ನೋಡುತ್ತಿದ್ದ.

ಸಾವಿಗೆ, ರೋಗಕ್ಕೆ, ಮಳೆಗೆ ಬಟ್ಟಲು ಬಗ್ಗುತ್ತಿರಲಿಲ್ಲ. ಮನುಷ್ಯ ಕೈಯಾರೆ, ಬಾಯಾರೆ ಕೆಡಿಸಿಕೊಂಡದ್ದಕ್ಕೆ ಮಾತ್ರ. ಬಟ್ಟಲು ಏಳುತ್ತಿರುವಾಗ ಕಾಯುವವಳು ಕೈ ಅಲುಗಿಸುವಂತಿಲ್ಲ, ಕಣ್ಣು ತಿರುಗಿಸುವಂತಿಲ್ಲ, ತುಟಿ ಎರಡು ಮಾಡುವಂತಿಲ್ಲ. ಮಾಡಿದರೆ ಬಟ್ಟಲು ಥಟ್ಟನೆ ತಳ ಸೇರುತ್ತಿತ್ತು, ಕೊಟ್ಟ ಗಳಿಗೆಯೂ ಹೋಗಿ ಕೆಟ್ಟ ಗಳಿಗೆಯೂ ಹಾಗೇ ಉಳಿದುಬಿಡುತ್ತಿತ್ತು.

ಈ ವಿದ್ಯೆ ಹೊಂಬಾಳಮ್ಮನಿಗೆ ಬಂದದ್ದು ಅತ್ತೆ ಪಟ್ಟಲಮ್ಮನಿಂದ. ಶಿವಪುರದಲ್ಲಿ ಕಾಂಗ್ರೆಸ್ಸಿನವರ ಬಾವುಟದ ಗಲಾಟೆ ನಡೆದ ವರ್ಷ ಮುದುಕಿ ತೀರಿಕೊಂಡಳು. ಸಾಯುವ ಮುನ್ನ ಬಟ್ಟಲನ್ನು ಸೊಸೆಯ ಮಡಿಲಿಗೆ ಹಾಕಿ, ಗಂಡಸರೂ ಕಾಯಬಹುದು, ಆದರೆ ಈ ಮನೆಯಲ್ಲಿ ಕೂರುವ ಗಂಡಸೇ ಇನ್ನೂ ಹುಟ್ಟಿಲ್ಲ ಎಂದು ಮಗನ ಕಡೆ ನೋಡಿ ನಕ್ಕಳಂತೆ. ಕರಿಯಪ್ಪ ಆಗಲೂ ಅಲ್ಲಿ ಪೂರ್ತಿ ಕೂತಿರಲಿಲ್ಲ.

ಹೊಂಬಾಳಮ್ಮನ ತವರು ಮಳವಳ್ಳಿ ಸೀಮೆಯ ಪೂರಿಗಾಲಿ. ಅಪ್ಪ ಅವ್ವ ಬೇಗ ಹೋಗಿ, ತವರು ಎಂದರೆ ಅಣ್ಣ ಚಿಕ್ಕಣ್ಣ ಒಬ್ಬನೇ ಆಗಿದ್ದ. ವರ್ಷವಿಡೀ ಮುಖ ತೋರಿಸದಿದ್ದರೂ ಗೌರಿ ಹಬ್ಬದ ದಿನ ಮಾತ್ರ ಅವನು ತಪ್ಪದೆ ಬಾಗಿನ ಹೊತ್ತು ಬರುತ್ತಿದ್ದ. ಜೋಡಿ ಮೊರದಲ್ಲಿ ಅಕ್ಕಿ, ಬೇಳೆ, ಬೆಲ್ಲ, ಅರಿಶಿನ ಕುಂಕುಮ, ಬಳೆ, ರವಿಕೆ ಕಣ. ಅದನ್ನು ಅವಳ ಸೆರಗಿಗೇ ಕೊಟ್ಟು, ಒಬ್ಬಟ್ಟು ತಿಂದು, ಬಾವನ ಜೊತೆ ಎಲೆಯಡಿಕೆ ಹಾಕಿಕೊಂಡು ಹೋಗುತ್ತಿದ್ದ. ಆ ದಿನ ಹೊಂಬಾಳಮ್ಮ ಬೀದಿಯಲ್ಲಿ ನಡೆಯುವ ಗತ್ತೇ ಬೇರೆ. ಹೆಣ್ಣಿಗೆ ಗಂಡನ ಮನೆಯಲ್ಲಿ ಹೊನ್ನಿನ ಹೊಳೆ ಹರಿದರೂ ತವರಿನ ಒಂದು ಹಿಡಿ ಅರಿಶಿನ ಬೇಕೇ ಬೇಕು. ಬೇಡ ಎನ್ನುವವಳು ಸುಳ್ಳು ಹೇಳುತ್ತಾಳೆ.

ಯುದ್ಧ ಇನ್ನೂ ಮುಗಿಯದ ಒಂದು ವರ್ಷ ಅದು ಕೆಟ್ಟಿತು.

ಹಬ್ಬದ ದಿನ ಬೆಳಗ್ಗೆಯೇ ಪಕ್ಕದ ಬೀದಿಯ ಬೆಟ್ಟಮ್ಮ ತಲೆಗೂದಲು ಕೆದರಿಕೊಂಡು ಬಂದಳು. ಆಡಬಾರದ ಮಾತಾಡಿ ಸೊಸೆಯ ಮನಸ್ಸು ಮುರಿದಿದ್ದಳು, ಸೊಸೆ ಗಂಟು ಕಟ್ಟುತ್ತಿದ್ದಳು. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು ಎನ್ನುವುದು ಬೇರೆ ಊರುಗಳ ಗಾದೆ. ನಿಡಘಟ್ಟದವರಿಗೆ ಹೊಂಬಾಳಮ್ಮ ಇದ್ದಳು. ಹಬ್ಬದ ಕೆಲಸ ಬದಿಗಿಟ್ಟು ಅವಳು ಹಂಡೆಯ ಮುಂದೆ ಕೂತಳು. ಕರಿಯಪ್ಪ ಕೆರೆ ಹಿಂದಿನ ಗದ್ದೆಯಲ್ಲಿದ್ದ. ಬಟ್ಟಲು ಅರ್ಧ ಎದ್ದಿರಬೇಕು, ಆಗ ಹೊಸ್ತಿಲಿಗೆ ಚಿಕ್ಕಣ್ಣ ಬಂದ.

ಅವನು ಬಂದ ಸ್ಥಿತಿ ನೋಡಬೇಕಿತ್ತು. ಆಗ ಪೆಟ್ರೋಲು ಸಿಗದೆ ಬಸ್ಸುಗಳೆಲ್ಲ ಇದ್ದಿಲ ಹೊಗೆಯಲ್ಲಿ ಓಡುತ್ತಿದ್ದವು; ಓಡುತ್ತಿದ್ದವು ಎನ್ನುವುದು ಗೌರವದ ಮಾತು. ಮಳವಳ್ಳಿಯಿಂದ ಹೊರಟ ಬಸ್ಸು ನಡುದಾರಿಯಲ್ಲಿ ಕೆಮ್ಮಿ ನಿಂತಿತ್ತು. ಮಿಕ್ಕ ದಾರಿಯನ್ನು ಚಿಕ್ಕಣ್ಣ ತಲೆಯ ಮೇಲೆ ಮೊರ ಹೊತ್ತು ನಡೆದೇ ಬಂದಿದ್ದ. ಪಾದದಲ್ಲಿ ಬೊಬ್ಬೆ ಎದ್ದಿದ್ದವು, ಗಂಟಲು ಒಣಗಿತ್ತು.

"ಒಂಬಾಳಿ," ಎಂದು ಕರೆದ.

ತಂಗಿ ತಿರುಗಲಿಲ್ಲ. ಕಾಲಿಗೆ ನೀರು ಬರಲಿಲ್ಲ. ಬಾ ಅಣ್ಣಯ್ಯ ಎಂಬ ಮಾತಿಲ್ಲ. ಇನ್ನೊಮ್ಮೆ ಕರೆದ. ಹೊಂಬಾಳಮ್ಮನ ಕಣ್ಣಿನಿಂದ ನೀರು ಇಳಿದು ಕೆನ್ನೆ ಮೇಲೆ ಬಂತು, ಕೈ ಮಾತ್ರ ಅಲುಗಲಿಲ್ಲ. ಅಲುಗಿದ್ದರೆ ಬೆಟ್ಟಮ್ಮನ ಮನೆ ಅಂದೇ ಒಡೆಯುತ್ತಿತ್ತು. ಬೆನ್ನು ಮಾಡಿ ಕೂತವಳ ಕಣ್ಣೀರು ಹೊಸ್ತಿಲಲ್ಲಿ ನಿಂತವನಿಗೆ ಹೇಗೆ ಕಾಣಬೇಕು? ಬೆಟ್ಟಮ್ಮನಾದರೂ ಸನ್ನೆ ಮಾಡಬಹುದಿತ್ತು. ಆ ಪುಣ್ಯಾತ್ಗಿತ್ತಿ ಕಣ್ಣು ಮುಚ್ಚಿ ಕೈ ಮುಗಿದುಕೊಂಡು ಕೂತಿದ್ದಳು. ಚಿಕ್ಕಣ್ಣ ಆಮೇಲೆ ಮೊರವನ್ನು ಹೊಸ್ತಿಲ ಮೇಲೆ ಇಟ್ಟು, ಒಂದು ಗುಟುಕು ನೀರೂ ಕುಡಿಯದೆ ಬಂದ ದಾರಿಯಲ್ಲೇ ಹೊರಟುಹೋದ.

ಸೆರಗಿಗೆ ಕೊಡಬೇಕಾದ ಬಾಗಿನವನ್ನು ನೆಲದ ಮೇಲಿಟ್ಟು ಹೋದನೆಂದರೆ, ಇನ್ನು ನಿನಗೂ ನನಗೂ ಇಷ್ಟೇ ಎಂದಂತೆ. ಬಟ್ಟಲು ಅಂಗೈ ಮುಟ್ಟಿದ ಕ್ಷಣವೇ ಹೊಂಬಾಳಮ್ಮ ಬೀದಿಗೆ ಓಡಿದಳು. ಅವನು ಕಣ್ಣಿಗೆ ಸಿಗಲಿಲ್ಲ. ಬೆಟ್ಟಮ್ಮನ ಸೊಸೆ ಗಂಟು ಬಿಚ್ಚಿ ಅತ್ತೆಗೆ ಎಣ್ಣೆ ಹಚ್ಚಿದಳು. ಊರಿಗೆ ಉಪಕಾರಿ, ಮನೆಗೆ ಮಾರಿ ಎನ್ನುವ ಹಾಗಾಯಿತು.

ವಾರ ಕಳೆದ ಮೇಲೆ ಕರಿಯಪ್ಪ ತಾನೇ ಪೂರಿಗಾಲಿಗೆ ಹೋದ. ಚಿಕ್ಕಣ್ಣ ಬಾವನನ್ನು ಎಂದಿಗಿಂತ ಹೆಚ್ಚಾಗಿಯೇ ಉಪಚರಿಸಿದ. ಬಿಸಿ ಮುದ್ದೆ ಹಾಕಿಸಿದ, ಕೋಳಿ ಕೊಯ್ಯಿಸಿದ. ಕರಿಯಪ್ಪ ಬಟ್ಟಲಿನ ಕಟ್ಟಳೆಯನ್ನು ಹಿಂದುಮುಂದು ಮಾಡಿ, ಅರ್ಧ ಉಂಡು ಎದ್ದು ಓಡಾಡಿಕೊಂಡು ವಿವರಿಸಿದ. ಎಲ್ಲ ಕೇಳಿಸಿಕೊಂಡು ಚಿಕ್ಕಣ್ಣ ಒಂದೇ ಮಾತು ಹೇಳಿದ.

"ಬಟ್ಲು ದೊಡ್ದೋ ಅಣ್ಣ ದೊಡ್ದೋ ಅಂತ ಅವಳು ಆವತ್ತೇ ಯೇಳವ್ಳೆ ಬುಡು ಬಾವ. ಬಟ್ಲನ್ನೇ ತವರು ಅಂದ್ಕಳ್ಲಿ."

ಈ ಮಾತನ್ನು ಕರಿಯಪ್ಪ ಹೆಂಡತಿಗೆ ಹೇಳಬಾರದಿತ್ತು. ಆದರೆ ಅವನ ಹೊಟ್ಟೆಯಲ್ಲಿ ಮಾತು ನಿಂತ ಉದಾಹರಣೆಯೇ ಇಲ್ಲ. ಕೇಳಿ ಹೊಂಬಾಳಮ್ಮನಿಗೂ ರೇಗಿತು. ಕರೆಯದ ಮನೆಗೆ ಹೋಗಲು ತಾನೇನು ನಾಯಿಯೇ ಎಂದಳು. ಮುಂದಿನ ಗೌರಿ ಹಬ್ಬಕ್ಕೆ ಚಿಕ್ಕಣ್ಣ ಬರಲಿಲ್ಲ, ಅದರ ಮುಂದಿನ ಹಬ್ಬಕ್ಕೂ ಬರಲಿಲ್ಲ. ಆ ಎರಡು ಹಬ್ಬದಲ್ಲೂ ಅವಳು ಬಳೆ ತೊಡಲಿಲ್ಲ, ಬೀದಿಗೆ ಇಳಿಯಲಿಲ್ಲ. ಒಬ್ಬಟ್ಟು ಮಾಡಿದಳು, ಅದಕ್ಕೆ ರುಚಿ ಇರಲಿಲ್ಲ. ಬೇರೆಯವರ ಗಳಿಗೆಗಳನ್ನು ಮಾತ್ರ ಮೊದಲಿನಂತೆಯೇ ಕೂತು ಎತ್ತಿಕೊಡುತ್ತಿದ್ದಳು. ಹೊಟ್ಟೆ ಉರಿದದ್ದು ಕರಿಯಪ್ಪನಿಗೆ. ಒಂದು ದಿನ ಅವನು ಬಟ್ಟಲನ್ನು ತೆಗೆದು ತಿಪ್ಪೆಗೆ ಎಸೆಯಲು ಹೋದ, ಎಸೆಯಲಾರದೆ ತಂದು ಗೂಡಿನಲ್ಲಿ ಇಟ್ಟ.

ಮೂರನೆಯ ವರ್ಷ ಊರಿನ ಶಾಲೆಯ ಮುಂದೆ ಸ್ವತಂತ್ರದ ಬಾವುಟ ಏರಿಸಿ ಮಕ್ಕಳಿಗೆ ಬತ್ತಾಸು ಹಂಚಿದರು. ಗೌರಿ ಹಬ್ಬಕ್ಕೆ ಇನ್ನೊಂದು ತಿಂಗಳಿತ್ತು. ಅಂದು ಸಂಜೆ ಹೊಂಬಾಳಮ್ಮ ಹಂಡೆಗೆ ನೀರು ತುಂಬಿ ಗಂಡನನ್ನು ಕರೆದಳು. ತನ್ನ ಗಳಿಗೆಯನ್ನು ತಾನೇ ಕಾಯುವಂತಿಲ್ಲ, ಇನ್ನೊಬ್ಬರು ಕೂರಬೇಕು. ವಿದ್ಯೆಯನ್ನು ಹತ್ತಿರದಿಂದ ಕಂಡವನು ಅವನೊಬ್ಬನೇ.

"ಕುಂತ್ಕತೀರಾ?" ಎಂದಳು. "ಆಯ್ಕಿಲ್ಲ ಅಂದ್ರೆ ಈಗ್ಲೇ ಯೇಳ್ಬುಡಿ. ನಡುವೆ ಎದ್ರೆ ನಂಗೆ ಎಲ್ಡೂ ಇಲ್ಲ."

ಕರಿಯಪ್ಪನಿಗೆ ಹೆದರಿಕೆಯಾಯಿತು. ಹೆಂಡತಿ ತನ್ನ ಬಳಿ ಒಡವೆ ಕೇಳಿದವಳಲ್ಲ, ಸೀರೆ ಕೇಳಿದವಳಲ್ಲ. ಕೇಳಿ ಕೇಳಿ ಇದನ್ನೇ ಕೇಳಬೇಕೆ? ಆದರೂ ಹೂಂ ಎಂದು ಹೋಗಿ ಎತ್ತಿಗೆ ಹುಲ್ಲು ಹಾಕಿ, ಕೊಟ್ಟಿಗೆಯ ಕದ ಎಳೆದು, ನೀರು ಕುಡಿದು, ಮತ್ತೊಮ್ಮೆ ಕೊಟ್ಟಿಗೆ ನೋಡಿ ಬಂದು ಕೂತ.

ಯಾವ ಗಳಿಗೆ ಕೊಡುತ್ತೀಯೆ ಎಂದು ಕೇಳಿದ. ಅವಳು ದಿನಗಟ್ಟಲೆ ಯೋಚಿಸಿದ್ದಳು. ಅಣ್ಣ ಮಳವಳ್ಳಿ ಸಂತೆಯಿಂದ ರಿಬ್ಬನ್ನು ತಂದದ್ದಿತ್ತು, ಆದರೆ ತೆಳು ಬಟ್ಟೆಯ ತೇಪೆ ದಪ್ಪ ಹರುಕಿಗೆ ನಿಲ್ಲುವುದಿಲ್ಲ. ಅವಳನ್ನು ಗಂಡನ ಮನೆಗೆ ಕಳಿಸಿದ ದಿನ ಅವನು ಗಾಡಿಯ ಹಿಂದೆ ಮೈಲಿಗಟ್ಟಲೆ ನಡೆದು ಬಂದದ್ದಿತ್ತು, ಅದರಲ್ಲಿ ಅಳು ಬೆರೆತಿತ್ತು. ಕೊನೆಗೆ ಉಳಿದದ್ದು ಹಳ್ಳದ ಗಳಿಗೆ.

ಕರಿಯಪ್ಪ ಬೇಡ ಎಂದುಬಿಟ್ಟ. ಯಾಕೆಂದರೆ ಹಳ್ಳದ ಕತೆ ಅವಳ ಪ್ರಾಣ. ಮದುವೆಯಾದ ಹೊಸತರಲ್ಲಿ ಗಂಡನಿಗೆ ಅವಳು ಬಾಯಿಬಿಟ್ಟು ಹೇಳಿದ ಮೊದಲ ಮಾತೇ ಅದು. ಮಗಳನ್ನು ಮಲಗಿಸಿದ್ದು ಅದೇ ಕತೆಯಿಂದ. ಚಿಕ್ಕಣ್ಣ ಹಬ್ಬಕ್ಕೆ ಬಂದಾಗ ಅವನೇ ಹೇಳಲು ಹೊರಟರೂ ತಡೆದು, ನಿಂಗೆ ಸರಿಯಾಗಿ ಬರಾಕಿಲ್ಲ ಎಂದು ತಾನೇ ಹೇಳುತ್ತಿದ್ದಳು. ಅವನು ಎಲೆಯಡಿಕೆ ಮೆಲ್ಲುತ್ತಾ ನಗುತ್ತಿದ್ದ.

"ಕತೆ ಇಟ್ಕಂಡು ಏನ್ ಮಾಡ್ಲಿ? ಅಣ್ಣನೇ ಇಲ್ದ ಮ್ಯಾಕೆ," ಎಂದಳು ಹೊಂಬಾಳಮ್ಮ.

ಕರಿಯಪ್ಪ ಅಂಗೈ ಚಾಚಿದ. ಅವಳು ನೀರಿನ ಕಡೆ ಬಗ್ಗಿ ಮೊದಲು ಹೊಸ್ತಿಲ ಗಳಿಗೆ ಹೇಳಿದಳು. ಆಮೇಲೆ ಕೊಡುವ ಗಳಿಗೆಯನ್ನು ಬಾಯಿ ತುಂಬ ಹೇಳಿದಳು. ಅವಳು ಆಗ ಹಾಲುಹಲ್ಲಿನ ಹುಡುಗಿ. ಸಂತೆಯಿಂದ ಬರುವಾಗ ಊರ ಮುಂದಿನ ಹಳ್ಳ ಕೆಂಪಗೆ ಉಕ್ಕಿತ್ತು. ಆಚೆ ದಡದಲ್ಲಿ ದೀಪ ಹಚ್ಚುವ ಹೊತ್ತು. ಅಣ್ಣ ಅವಳನ್ನು ಹೆಗಲ ಮೇಲೆ ಕೂರಿಸಿಕೊಂಡು ನೀರಿಗೆ ಇಳಿದ. ಅವಳು ಅವನ ಜುಟ್ಟು ಹಿಡಿದುಕೊಂಡಿದ್ದಳು. ಅವನು ದಾರಿಯುದ್ದಕ್ಕೂ ರಾಗಿ ಬೀಸುವ ಪದ ಹೇಳಿಕೊಂಡು ನಡೆದ, ಅದಕ್ಕೇ ಅವಳಿಗೆ ಒಂಚೂರೂ ಹೆದರಿಕೆಯಾಗಲಿಲ್ಲ. ದಡ ಮುಟ್ಟಿಸಿ ಅವಳ ಲಂಗ ಹಿಂಡಿದ. ಇಷ್ಟೇ. ಹೇಳಿ ಮುಗಿಸಿ ಅವಳು ಸೆರಗಿನಿಂದ ಮುಖ ಒರೆಸಿಕೊಂಡಳು.

ತಳದಲ್ಲಿ ಬಟ್ಟಲು ಮಿಸುಕಿತು.

ಮೊದಲ ಸ್ವಲ್ಪ ಹೊತ್ತಿನಲ್ಲೇ ಕರಿಯಪ್ಪನ ಬೆನ್ನು ತುರಿಸಿತು, ಆಮೇಲೆ ಮೂಗು. ನೊಣವೊಂದು ಬಂದು ಅವನ ಕಿವಿಯನ್ನೇ ಮನೆ ಮಾಡಿಕೊಂಡಿತು. ಅವನು ತಡೆದ. ಬಟ್ಟಲು ಅರ್ಧಕ್ಕೆ ಬಂದಿತ್ತು, ಆಗ ಹೊರಗೆ ಹಗ್ಗ ಕಿತ್ತ ಸದ್ದು ಕೇಳಿಸಿತು. ಹಸು. ಕೊಟ್ಟಿಗೆಯ ಕದ ತಳ್ಳಿ ಹಿತ್ತಿಲಿಗೆ ನುಗ್ಗಿತು. ಹಿತ್ತಿಲಿನಲ್ಲಿ ಅವನು ಕೈಯಾರೆ ಎಬ್ಬಿಸಿದ ಅವರೆ ಚಪ್ಪರ, ಅದರ ಪಕ್ಕದಲ್ಲಿ ರಾಗಿ ಪೈರಿನ ಮಡಿ. ಹಸು ಪೈರು ಎಳೆದು ನಿಧಾನವಾಗಿ ಅಗಿಯುವುದು ಅವನಿಗೆ ಒಂದೊಂದು ಬಾಯಿಯೂ ಕೇಳುತ್ತಿತ್ತು. ಚಪ್ಪರದ ಬಿದಿರ ಗಳ ಮುರಿಯಿತು. ಕರಿಯಪ್ಪನ ಮೊಣಕಾಲು ತಾವಾಗಿ ಎದ್ದುಬಿಡಲು ನೋಡಿದವು. ಒಂದು ಸಲ ಹೋ ಎಂದರೆ ಸಾಕು, ಹಸು ನಿಲ್ಲುತ್ತದೆ. ಆ ಹೋ ಗಂಟಲಿನವರೆಗೂ ಬಂತು. ಅವನು ಅದನ್ನು ನುಂಗಿದ. ಆವತ್ತು ಹೊಸ್ತಿಲಲ್ಲಿ ಅಣ್ಣ ಕರೆಯುತ್ತಿದ್ದಾಗ ಇವಳು ಹೇಗೆ ಕೂತಿದ್ದಿರಬೇಕು ಎನ್ನುವುದು ಆಗ ಅವನಿಗೆ ಮೈಯಾರೆ ಅರ್ಥವಾಯಿತು. ಅಷ್ಟು ವರ್ಷ ಅವಳು ಸುಮ್ಮನೆ ಕೂರುತ್ತಾಳೆ ಎಂದುಕೊಂಡಿದ್ದ ದಡ್ಡ.

ತಣ್ಣಗಿನ ತಾಮ್ರ ಅಂಗೈಗೆ ತಾಗಿತು. ಕರಿಯಪ್ಪ ಹಿತ್ತಿಲಿಗೆ ಓಡಿದ. ಪೈರು ಬೋಳಾಗಿತ್ತು, ಚಪ್ಪರ ನೆಲ ಕಚ್ಚಿತ್ತು. ಅವನು ಹಸುವಿಗೆ ಬೈಯಲೂ ಇಲ್ಲ.

ಮಾರನೆಯ ದಿನ ಮಗಳು ಅವ್ವನ ಹತ್ತಿರ ಹಳ್ಳದ ಕತೆ ಕೇಳಿದಳು. ಯಾವ ಹಳ್ಳ ಕಣವ್ವ ಎಂದು ಹೊಂಬಾಳಮ್ಮ ಹುಬ್ಬೇರಿಸಿದಳು. ಅಣ್ಣನಿಗಾಗಿ ಏನೋ ಒಂದನ್ನು ಕೊಟ್ಟಿದ್ದೇನೆ ಎನ್ನುವುದು ಗೊತ್ತು, ಏನನ್ನು ಎನ್ನುವುದು ಗೊತ್ತಿಲ್ಲ. ಕರಿಯಪ್ಪ ಮಗಳನ್ನು ಅತ್ತ ಕರೆದು, ಅವ್ವನನ್ನು ಕೇಳಬೇಡ ಎಂದು ಹೇಳಿದ. ತಾನೇ ಹೆಂಡತಿಗೆ ಹೇಳಿಬಿಡಲೇ ಎಂದು ಎಷ್ಟೋ ಸಲ ಬಾಯಿಗೆ ಬಂತು, ಹೇಳಲಿಲ್ಲ. ಅದು ಅವನ ಕತೆಯಲ್ಲ.

ಗೌರಿ ಹಬ್ಬದ ದಿನ ಮಧ್ಯಾಹ್ನ ಚಿಕ್ಕಣ್ಣ ಬಂದ. ತಲೆಯ ಮೇಲೆ ಜೋಡಿ ಮೊರ, ಹೆಗಲ ಮೇಲೆ ಟವೆಲು. ಏನೂ ಆಗದವನಂತೆ ಜಗುಲಿ ಹತ್ತಿ ಒಂಬಾಳಿ ಎಂದ. ಹೊಂಬಾಳಮ್ಮ ಚೊಂಬಿನಲ್ಲಿ ನೀರು ಹಿಡಿದು ಓಡಿ ಬಂದಳು, ಅರ್ಧ ನೀರು ದಾರಿಯಲ್ಲೇ ಚೆಲ್ಲಿತ್ತು. ಅವನು ಬಾಗಿನವನ್ನು ಅವಳ ಸೆರಗಿಗೆ ಇಟ್ಟ. ಅವಳು ಅಣ್ಣನ ಕಾಲಿಗೆ ಬಿದ್ದು ಏಳುವಾಗ ಅತ್ತಳು, ಅಳುತ್ತಲೇ ನಕ್ಕಳು.

ಉಂಡಾದ ಮೇಲೆ ಮಾತು ತಾನಾಗಿ ಆ ಹಳೆಯ ದಿನಕ್ಕೆ ಬಂತು. ಆವತ್ತು ತಾನೂ ದುಡುಕಿದೆ, ಕಾಲಿನ ಬೊಬ್ಬೆಯ ಸಿಟ್ಟೆಲ್ಲ ನಿನ್ನ ಮೇಲೆ ತೀರಿಸಿಕೊಂಡೆ ಎಂದ ಚಿಕ್ಕಣ್ಣ. ಬೇರೆ ಯಾರದೋ ಮನೆಯ ಜಗಳದ ಬಗ್ಗೆ ಮಾತಾಡುವವರಂತೆ ಅಣ್ಣ ತಂಗಿ ಇಬ್ಬರೂ ಅದನ್ನು ಆಡಿ ಮುಗಿಸಿದರು. ಹೊಂಬಾಳಮ್ಮ ಒಲೆಯ ಮೇಲೆ ಅಣ್ಣ ಕಟ್ಟಿಕೊಂಡು ಹೋಗಲೆಂದು ಇನ್ನಷ್ಟು ಒಬ್ಬಟ್ಟು ಬೇಯಿಸುತ್ತಿದ್ದಳು. ಒಂದನ್ನು ಕಾವಲಿಗೆ ಹಾಕಿ, ಎಲೆಯಡಿಕೆ ಕೊಡಲು ಹೊರಗೆ ಬಂದಳು. ಹೊರಗೆ ಮೋಡ ಕವಿದಿತ್ತು. ಹಳ್ಳದಲ್ಲಿ ನೀರು ಬಂದರೆ ಈ ಸಲವೂ ಯಾರಾದರೂ ಹೊರಬೇಕೇನೋ ಎಂದು ಚಿಕ್ಕಣ್ಣ ನಕ್ಕ. ನಕ್ಕು, ಎಂದಿನಂತೆ ತಂಗಿ ಬಾಯಿ ಹಾಕುತ್ತಾಳೆಂದು ಸುಮ್ಮನೆ ಕಾದ.

ಅವಳು ಬಾಯಿ ಹಾಕಲಿಲ್ಲ. "ಯಾವ ಹಳ್ಳ ಅಣ್ಣಯ್ಯ?" ಎಂದಳು.

ಚಿಕ್ಕಣ್ಣ ಅವಳನ್ನೇ ನೋಡಿದ. ತಮಾಷೆ ಮಾಡುತ್ತಿದ್ದಾಳೆ ಎಂದುಕೊಂಡನೋ ಏನೋ. ಆದರೆ ಹೇಳಲು ಎಂದೂ ಸಿಗದ ಸಂದು ಸಿಕ್ಕಿತ್ತು. ಅವನು ಮೊದಲ ಸಲ ಆ ಕತೆಯನ್ನು ತಾನೇ ಹೇಳಿದ. ಸಂತೆ, ಕೆಂಪು ನೀರು, ಹೆಗಲ ಮೇಲೆ ಅವಳು. ಹೊಂಬಾಳಮ್ಮ ಕೇಳುತ್ತಾ ಕೇಳುತ್ತಾ ಅಲ್ಲೇ ನೆಲದ ಮೇಲೆ ಕೂತಳು.

"ನಡು ಹಳ್ಳದಲ್ಲಿ ಕಾಲಡಿ ಮರಳು ಜಾರ್ತು ಕಣವ್ವ," ಎಂದ ಅವನು. "ಈಜು ಬತ್ತದೆ ಅಂತ ನಿಂಗೆ ಸುಳ್ಳು ಯೇಳಿದ್ದೆ. ಇಬ್ರೂ ಓದ್ವು ಅಂತ್ಲೇ ಅಂದ್ಕಂಡೆ. ಇಂದಕ್ಕೆ ತಿರುಗಾಕೂ ಅಂಜ್ಕೆ. ಆಗ ನೀನು ಮ್ಯಾಲೆ ಕುಂತ್ಕಂಡು ರಾಗಿ ಬೀಸೋ ಪದ ಯೇಳ್ತಿದ್ದೆ, ಏನೂ ಆಗ್ದಂಗೆ. ಈ ಮೂಳಿಗೇ ಅಂಜ್ಕೆ ಇಲ್ದ ಮ್ಯಾಕೆ ನಂಗ್ಯಾಕೆ ಅಂತ ಕಾಲು ಎತ್ತಿ ಇಟ್ಟೆ. ಇದ ಯಾರ್ಗೂ ಯೇಳಿಲ್ಲ ಕಣವ್ವ ನಾನು."

ಪಕ್ಕದಲ್ಲಿ ಕೂತಿದ್ದ ಕರಿಯಪ್ಪನ ಕೈಯಲ್ಲಿದ್ದ ಎಲೆ ಹಾಗೇ ಉಳಿಯಿತು. ಪದ ಹೇಳಿದವನು ಅಣ್ಣ ಎಂದು ಅವಳು ಎಷ್ಟು ವರ್ಷ ಹೇಳಿದ್ದಳು. ಅವನ ಪದ ಕೇಳಿ ತನಗೆ ಧೈರ್ಯ ಬಂತು ಎಂದು ಅವಳು, ಅವಳ ಪದ ಕೇಳಿ ತನಗೆ ಬಂತು ಎಂದು ಅವನು. ಎರಡೂ ಕತೆ ಗೊತ್ತಿದ್ದು, ಅವಳದು ಬಟ್ಟಲಿಗೆ ಹೋದದ್ದೂ ಗೊತ್ತಿರುವವನು ಈ ಭೂಮಿಯ ಮೇಲೆ ಕರಿಯಪ್ಪ ಒಬ್ಬನೇ. ನಾಲಗೆ ತುದಿಯವರೆಗೂ ಬಂತು. ಹೆಂಡತಿಯ ಮುಖ ನೋಡಿದ. ಮೊದಲ ಸಲ ಕತೆ ಕೇಳುವ ಮಗುವಿನಂತೆ ಅವಳು ಬಾಯಿ ತೆರೆದುಕೊಂಡು ಕೂತಿದ್ದಳು. ಅವನು ಎಲೆಯನ್ನು ಬಾಯಿಗೆ ಹಾಕಿಕೊಂಡ.

ಒಳಗಿನಿಂದ ಸೀದ ವಾಸನೆ ಬಂತು. ಹೊಂಬಾಳಮ್ಮ ಏಳಲು ನೋಡಿದಳು.

"ನೀ ಕುಂತ್ಕ," ಎಂದು ಕರಿಯಪ್ಪ ಎದ್ದು ಒಳಗೆ ಹೋದ. ಒಬ್ಬಟ್ಟಿನ ಒಂದು ಮಗ್ಗುಲು ಕರಿದಾಗಿತ್ತು. ಮಗುಚುವಾಗ ಕಾವಲಿ ಸದ್ದಾಗಿ ಹೊರಗಿನ ಮಾತು ಕೆಡಬಾರದೆಂದು ಅವನು ಕೈಯಿಂದಲೇ ಎತ್ತಿ ತಿರುಗಿಸಿದ, ಬೆರಳು ಸುಟ್ಟಿತು. ಜಗುಲಿಯಿಂದ ಅವಳ ದನಿ ಕೇಳಿಸಿತು.

"ಆಮ್ಯಾಕೆ ಏನಾತು ಅಣ್ಣಯ್ಯ?"